ಉಗುರಿನ ಆಕಾರ ಮತ್ತು ಆರೋಗ್ಯ: ಕಾರವಾರ–ಅಂಕೋಲೆ ಕರಾವಳಿ

ಕೈಬೆರಳಿನ ಉಗುರು ಸಹಜವಾಗಿ ಉದ್ದಕ್ಕೂ ಅಡ್ಡಕ್ಕೂ ತುಸು ಉಬ್ಬಿ, ನುಣುಪಾಗಿ, ಅಡಿಯ ರಕ್ತದಿಂದಾಗಿ ನಸುಗೆಂಪಾಗಿ ಕಾಣುತ್ತದೆ. ಈ ಆಕಾರ ಕೆಡುವ ಬಗೆಗಳು ಹಲವು. ಉಗುರು ಗುಳಿ ಬೀಳಬಹುದು, ತುದಿ ಗಿಳಿಮೂಗಿನಂತೆ ಬಾಗಬಹುದು, ಮೇಲ್ಮೈಯಲ್ಲಿ ಅಡ್ಡ ತಗ್ಗು ಮೂಡಬಹುದು, ಹಾಸು ಬಿಟ್ಟು ಮೇಲೇಳಬಹುದು. ಇವುಗಳ ಹಿಂದೆ ರಕ್ತಹೀನತೆ, ಶ್ವಾಸಕೋಶದ ಇಲ್ಲವೇ ಹೃದಯದ ಕಾಯಿಲೆ, ಯಕೃತ್ತಿನ ತೊಂದರೆ, ಥೈರಾಯಿಡ್ ಏರುಪೇರು, ಸೋರಿಯಾಸಿಸ್ ಮುಂತಾದವು ಇರಬಹುದು. ಮೀನು, ಮಂಜುಗಡ್ಡೆ, ಉಪ್ಪುನೀರು, ಗದ್ದೆಯ ಕೆಸರಿನಲ್ಲಿ ದಿನವಿಡೀ ನೆನೆಯುವ ಕೈಗಳಲ್ಲೂ ಹೆಚ್ಚುಕಡಿಮೆ ಇಂಥವೇ ಬದಲಾವಣೆಗಳು ಕಾಣುತ್ತವೆ. ಉತ್ತರ ಕನ್ನಡ ಜಿಲ್ಲೆಯ ಕಾರವಾರ ಮತ್ತು ಅಂಕೋಲೆ ತಾಲ್ಲೂಕುಗಳು ಈ ಎರಡೂ ಬಗೆಯ ಉಗುರುಗಳು ಒಂದೇ ಊರಲ್ಲಿ, ಎಷ್ಟೋ ಸಲ ಒಂದೇ ಕೈಯಲ್ಲಿ ಸಿಗುವ ಪ್ರದೇಶ. ಬೈತಖೋಲ್ ಮತ್ತು ಬೇಲೇಕೇರಿಯ ಮೀನುಗಾರಿಕೆ, ಕಾಳಿ ಮತ್ತು ಗಂಗಾವಳಿ ನದಿಗಳ ಅಳಿವೆಯಲ್ಲಿ ಚಿಪ್ಪು ಹೆಕ್ಕುವ ಕೆಲಸ, ಹಾಲಕ್ಕಿ ಒಕ್ಕಲಿಗರ ಬೇಸಾಯ, ವರ್ಷಕ್ಕೆ ಸುಮಾರು 3,000 ಮಿ.ಮೀ. ಮಳೆ, ಇವೆಲ್ಲವೂ ಉಗುರಿನ ಮೇಲೆ ಗುರುತು ಬಿಡುತ್ತವೆ. ಹಾಗಾಗಿ ಇಲ್ಲಿ ಉಗುರು ನೋಡುವವರು ಮೊದಲು ಕೈ ಮಾಡುವ ಕೆಲಸವನ್ನು ವಿಚಾರಿಸಿಕೊಳ್ಳಬೇಕು, ಕಾಯಿಲೆಯ ಮಾತು ಆಮೇಲೆ.

ಉಗುರು ಬೆಳೆಯುವ ಬಗೆ

ಕಣ್ಣಿಗೆ ಕಾಣುವ ಉಗುರಿನ ಫಲಕಕ್ಕೆ ಜೀವವಿಲ್ಲ. ಕೂದಲು, ಕೊಂಬು, ಗೊರಸುಗಳಲ್ಲಿರುವ ಕೆರಾಟಿನ್ ಎಂಬ ಪ್ರೋಟೀನೇ ಇಲ್ಲೂ ಪದರಪದರವಾಗಿ ಗಟ್ಟಿಯಾಗಿರುತ್ತದೆ. ಜೀವವಿರುವುದು ಬುಡದ ಚರ್ಮದ ಮಡಿಕೆಯ ಅಡಿಯಲ್ಲಿ ಅಡಗಿರುವ ಉಗುರಿನ ಮೂಲದಲ್ಲಿ. ಹೆಬ್ಬೆರಳಿನ ಬುಡದಲ್ಲಿ ಕಾಣುವ ಬಿಳಿಯ ಅರ್ಧಚಂದ್ರ ಈ ಮೂಲದ ಹೊರಗೆ ಇಣುಕುವ ಭಾಗ. ಅಲ್ಲಿ ಹುಟ್ಟಿದ ಕೋಶಗಳು ಚಪ್ಪಟೆಯಾಗಿ, ಸತ್ತು, ಒತ್ತೊತ್ತಾಗಿ ಮುಂದಕ್ಕೆ ಜಾರುತ್ತವೆ. ಬುಡದ ಮಡಿಕೆಯನ್ನೂ ಫಲಕವನ್ನೂ ಬೆಸೆಯುವ ತೆಳು ಹೊರಪೊರೆ ನೀರು ಮತ್ತು ರೋಗಾಣುಗಳು ಒಳನುಗ್ಗದಂತೆ ತಡೆಯುತ್ತದೆ. ಅಲಂಕಾರಕ್ಕೆಂದು ಅದನ್ನು ಕತ್ತರಿಸಿ ತೆಗೆಯುವವರು ಬಾಗಿಲು ತೆರೆದಿಟ್ಟಂತೆ.

ಕೈಯುಗುರು ತಿಂಗಳಿಗೆ ಸುಮಾರು 3 ಮಿ.ಮೀ. ಬೆಳೆಯುತ್ತದೆ, ಕಾಲುಗುರು ಸುಮಾರು 1 ಮಿ.ಮೀ. ಕೈಯುಗುರು ಬುಡದಿಂದ ತುದಿಯವರೆಗೆ ಪೂರ್ತಿ ಹೊಸದಾಗಲು ಆರು ತಿಂಗಳು ಹಿಡಿದರೆ ಕಾಲ ಹೆಬ್ಬೆರಳಿಗೆ ಒಂದರಿಂದ ಒಂದೂವರೆ ವರ್ಷ ಬೇಕು. ಅಮೆರಿಕದ ವೈದ್ಯ ವಿಲಿಯಂ ಬೀನ್ ತನ್ನ ಹೆಬ್ಬೆರಳಿನ ಉಗುರನ್ನು 35 ವರ್ಷ ಅಳೆದು, 32ರ ವಯಸ್ಸಿನಲ್ಲಿ ದಿನಕ್ಕೆ 0.123 ಮಿ.ಮೀ. ಇದ್ದ ಬೆಳವಣಿಗೆ 67ರ ಹೊತ್ತಿಗೆ 0.095ಕ್ಕೆ ಇಳಿದದ್ದನ್ನು 1980ರಲ್ಲಿ ಪ್ರಕಟಿಸಿದ. ಹೆಚ್ಚು ಬಳಸುವ ಕೈಯಲ್ಲಿ, ಉದ್ದದ ನಡುಬೆರಳಲ್ಲಿ, ಬೇಸಿಗೆಯಲ್ಲಿ ಬೆಳವಣಿಗೆ ತುಸು ಚುರುಕು. ಪಾರ್ಶ್ವವಾಯು ಬಡಿದ ಕೈಯಲ್ಲಿ ನಿಧಾನ.

ಈ ನಿಧಾನಗತಿಯಿಂದಲೇ ಉಗುರಿಗೆ ಬೆಲೆ ಬಂದಿದೆ. ರಕ್ತಪರೀಕ್ಷೆ ಇವತ್ತಿನ ಸ್ಥಿತಿ ಹೇಳುತ್ತದೆ, ಉಗುರು ಕಳೆದ ಆರು ತಿಂಗಳನ್ನು ಹೊತ್ತುಕೊಂಡಿರುತ್ತದೆ.

ಹಳಬರು ಇದನ್ನು ಗಮನಿಸದೆ ಇರಲಿಲ್ಲ. ಚರಕಸಂಹಿತೆಯ ಇಂದ್ರಿಯಸ್ಥಾನದಲ್ಲಿ, ಮಾಂಸ–ರಕ್ತದ ಕಳೆ ಹೋಗಿ ಉಗುರು ಮಾಗಿದ ನೇರಳೆಹಣ್ಣಿನ ಬಣ್ಣ ತಿರುಗಿದರೆ ಅದು ಸಾವಿನ ಸೂಚನೆ ಎಂದಿದೆ. ಆಮ್ಲಜನಕ ಕಡಿಮೆಯಾಗಿ ಉಗುರು ನೀಲಿಗಟ್ಟುವುದನ್ನು ಇಷ್ಟು ನಿಖರವಾಗಿ ಹೇಳಿದ್ದು ಮೆಚ್ಚಬೇಕಾದದ್ದೇ. ಸುಶ್ರುತಸಂಹಿತೆ ಕ್ಷುದ್ರರೋಗಗಳ ಸಾಲಿನಲ್ಲಿ ಉಗುರುಸುತ್ತನ್ನೂ ಪೆಟ್ಟಿನಿಂದ ಕೆಟ್ಟ ಉಗುರನ್ನೂ ಬೇರೆಬೇರೆಯಾಗಿ ಹೆಸರಿಸಿದೆ. ಗ್ರೀಸಿನ ಹಿಪ್ಪೊಕ್ರಟಿಸ್ ಎದೆಗೂಡಿನಲ್ಲಿ ಕೀವು ತುಂಬಿದವರ ಉಗುರು ಬಾಗುವುದನ್ನು ಬರೆದಿಟ್ಟ. ಬಾಗಿದ ಉಗುರಿಗೆ ಇಂದಿಗೂ ಅವನ ಹೆಸರಿದೆ.

ಗುಳಿಬಿದ್ದ ಉಗುರು

ಉಬ್ಬಿರಬೇಕಾದ ಉಗುರು ತಗ್ಗಾಗಿ, ಅಂಚುಗಳು ಮೇಲೆದ್ದು ಚಮಚದ ಆಕಾರ ತಾಳಿದರೆ ಅದಕ್ಕೆ ಕೊಯ್ಲೊನಿಕಿಯಾ ಎನ್ನುತ್ತಾರೆ. ಹೆಬ್ಬೆರಳು, ತೋರುಬೆರಳು, ನಡುಬೆರಳುಗಳಲ್ಲಿ ಇದು ಮೊದಲು ಕಾಣುತ್ತದೆ. ಅನುಮಾನವಿದ್ದರೆ ಕೈಯನ್ನು ಮಟ್ಟಸವಾಗಿ ಚಾಚಿ ಉಗುರಿನ ಮೇಲೆ ಒಂದು ಹನಿ ನೀರು ಬಿಡಬೇಕು. ಸಹಜ ಉಗುರಿನಿಂದ ಹನಿ ಪಕ್ಕಕ್ಕೆ ಜಾರುತ್ತದೆ, ಗುಳಿಬಿದ್ದ ಉಗುರಿನಲ್ಲಿ ಅಲ್ಲೇ ನಿಲ್ಲುತ್ತದೆ. ಗುಳಿ ಬೀಳುವುದಕ್ಕೆ ಮುಂಚೆ ಉಗುರು ತೆಳುವಾಗಿ ಚಪ್ಪಟೆಯಾಗುವ ಹಂತವೊಂದಿದೆ, ಅದು ಸುಲಭವಾಗಿ ಕಣ್ತಪ್ಪುತ್ತದೆ.

ಮುಖ್ಯ ಕಾರಣ ಕಬ್ಬಿಣದ ಕೊರತೆ. ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆಯ 2019–21ರ ಸುತ್ತಿನಲ್ಲಿ ಕರ್ನಾಟಕದ 15ರಿಂದ 49 ವಯಸ್ಸಿನ ಹೆಂಗಸರಲ್ಲಿ ಶೇ. 47.8ರಷ್ಟು ಮಂದಿಗೆ ರಕ್ತಹೀನತೆ ಇತ್ತು. ದೇಶದ ಲೆಕ್ಕ ಶೇ. 57. ಇಷ್ಟು ಮಂದಿಗೆ ರಕ್ತ ಕಡಿಮೆಯಿದ್ದರೂ ಚಮಚದ ಉಗುರು ಅಪರೂಪವೇ. ಕೊರತೆ ಬಹುಕಾಲ ಎಳೆದಾಗ ಮಾತ್ರ, ಅದೂ ಕೆಲವರಲ್ಲಿ ಮಾತ್ರ ಉಗುರು ಕೆಡುತ್ತದೆ. ‘ಉಗುರು ಚೆನ್ನಾಗಿದೆ, ರಕ್ತ ಇದೆ’ ಎಂಬ ಸಮಾಧಾನಕ್ಕೆ ಆಧಾರವಿಲ್ಲ. ಗರ್ಭಿಣಿಯಲ್ಲದ ಹೆಂಗಸಿನಲ್ಲಿ ಹಿಮೋಗ್ಲೋಬಿನ್ 12 ಗ್ರಾಂಗಿಂತ, ಗರ್ಭಿಣಿಯಲ್ಲಿ 11 ಗ್ರಾಂಗಿಂತ ಕಡಿಮೆಯಾದರೆ ರಕ್ತಹೀನತೆ, ಉಗುರು ಹೇಗೇ ಇರಲಿ.

ಕರಾವಳಿಯಲ್ಲಿ ಕಬ್ಬಿಣ ಸೋರಿಹೋಗುವ ದಾರಿಗಳಲ್ಲಿ ಕೊಕ್ಕೆಹುಳು ಒಂದು. ಇದರ ಮರಿ ತೇವದ ಮಣ್ಣಿನಿಂದ ಬರಿಗಾಲಿನ ಚರ್ಮ ಕೊರೆದು ಒಳಹೋಗಿ, ರಕ್ತದ ಮೂಲಕ ಶ್ವಾಸಕೋಶ ಸೇರಿ, ಗಂಟಲಿಗೆ ಬಂದು, ನುಂಗಿದಾಗ ಕರುಳಿಗಿಳಿದು ಅಲ್ಲಿ ಕಚ್ಚಿಕೊಳ್ಳುತ್ತದೆ. ಆಂಕೈಲೋಸ್ಟೋಮಾ ಜಾತಿಯ ಒಂದು ಹುಳು ದಿನಕ್ಕೆ ಸುಮಾರು 0.15ರಿಂದ 0.2 ಮಿ.ಲೀ. ರಕ್ತ ನಷ್ಟಮಾಡುತ್ತದೆ. ನೆಕೇಟರ್ ಜಾತಿಯದು ಅದರ ಐದರಲ್ಲೊಂದು ಪಾಲಿನಷ್ಟು. ನೂರು ಹುಳುಗಳಿದ್ದರೆ ತಿಂಗಳ ಲೆಕ್ಕ ಸಣ್ಣದಲ್ಲ. ಬಯಲುಶೌಚ ಮತ್ತು ಬರಿಗಾಲು ಎರಡೂ ಇರುವಲ್ಲಿ ಈ ಹುಳುವಿಗೆ ಸುಗ್ಗಿ. 2015ರಿಂದ ಫೆಬ್ರವರಿ 10ರಂದು ನಡೆಯುವ ರಾಷ್ಟ್ರೀಯ ಜಂತುಹುಳು ನಿವಾರಣಾ ದಿನ ಶಾಲೆ–ಅಂಗನವಾಡಿ ಮಕ್ಕಳಿಗೆ ಆಲ್ಬೆಂಡಜೋಲ್ ಮಾತ್ರೆ ಕೊಡುತ್ತದೆ. ಗದ್ದೆಗಿಳಿಯುವ ತಾಯಂದಿರು ಆ ಸಾಲಿನಲ್ಲಿಲ್ಲ ಎಂಬುದು ಯೋಚಿಸಬೇಕಾದ ಸಂಗತಿ.

ಮುಟ್ಟಿನ ಅತಿಸ್ರಾವ, ಮೇಲಿಂದ ಮೇಲೆ ಹೆರಿಗೆ, ಊಟವಾದ ಕೂಡಲೇ ಕುಡಿಯುವ ಚಹಾ ಇವೂ ಕಾರಣಗಳ ಪಟ್ಟಿಯಲ್ಲಿವೆ. ಐವತ್ತು ದಾಟಿದ ಗಂಡಸಿನಲ್ಲಿ ಕಬ್ಬಿಣದ ಕೊರತೆ ಕಂಡರೆ ಟಾನಿಕ್ ಬರೆದು ಕಳಿಸುವುದು ತಪ್ಪು. ಜಠರ, ಕರುಳಿನಲ್ಲಿ ಹುಣ್ಣೋ ಕ್ಯಾನ್ಸರೋ ಇದೆಯೇ ಎಂದು ಹುಡುಕಲೇಬೇಕು. ಗುಳಿಬಿದ್ದ ಉಗುರಿನೊಂದಿಗೆ ಗಟ್ಟಿ ಆಹಾರ ನುಂಗಲು ಕಷ್ಟವಾಗುವ ನಡುವಯಸ್ಸಿನ ಹೆಂಗಸಿಗೆ ಪ್ಲಮರ್–ವಿನ್ಸನ್ ಲಕ್ಷಣಕೂಟ ಇರಬಹುದು. ಮುಂದೆ ಗಂಟಲು–ಅನ್ನನಾಳದ ಕ್ಯಾನ್ಸರ್ ಆಗುವ ಸಾಧ್ಯತೆ ಇರುವುದರಿಂದ ಇದನ್ನು ಉದಾಸೀನ ಮಾಡುವಂತಿಲ್ಲ.

ಕಬ್ಬಿಣ ಸರಿಯಿದ್ದೂ ಉಗುರು ಗುಳಿ ಬೀಳಬಹುದು. ಎಳೆಕೂಸಿನ ಕಾಲುಗುರು ಚಮಚದಂತಿರುವುದು ಸಹಜ, ಬೆಳೆದಂತೆ ತಾನೇ ಸರಿಹೋಗುತ್ತದೆ. ಪೆಟ್ರೋಲ್, ಎಂಜಿನ್ ಎಣ್ಣೆಯಲ್ಲಿ ಕೈಯಾಡಿಸುವ ಮೆಕ್ಯಾನಿಕ್‌ಗಳಲ್ಲಿ, ರಿಕ್ಷಾ ಎಳೆಯುವವರ ಕಾಲುಗಳಲ್ಲಿ, ಲಡಾಖದಂಥ ಎತ್ತರದ ಸೀಮೆಯವರಲ್ಲಿ ಇದು ದಾಖಲಾಗಿದೆ. ದೋಣಿಯ ಎಂಜಿನ್ ಬಿಚ್ಚಿ ಜೋಡಿಸುವ ಕೈಗಳಲ್ಲಿ ಎರಡು ಬೆರಳು ಮಾತ್ರ ಗುಳಿಬಿದ್ದಿದ್ದರೆ ರಕ್ತಪರೀಕ್ಷೆಗೆ ಮೊದಲು ಡೀಸೆಲನ್ನು ನೆನೆಯುವುದು ಒಳ್ಳೆಯದು.

ಬೆರಳ ತುದಿಯ ಊತ: ಕ್ಲಬ್ಬಿಂಗ್

ಆಕಾರದ ಬದಲಾವಣೆಗಳಲ್ಲಿ ಅತಿ ಗಂಭೀರವಾದದ್ದು ಇದು. ಉಗುರಿನ ಬುಡದ ಮೃದು ಅಂಗಾಂಶ ದಪ್ಪಗಾಗಿ, ಉಗುರಿಗೂ ಚರ್ಮಕ್ಕೂ ನಡುವೆ ಇರುವ ಕೋನ ತುಂಬಿಹೋಗುತ್ತದೆ. ಈ ಕೋನ ಸಹಜವಾಗಿ ಸುಮಾರು 160 ಡಿಗ್ರಿ. 180 ದಾಟಿದರೆ ಕ್ಲಬ್ಬಿಂಗ್ ಆದಂತೆ. ಲೊವಿಬಾಂಡ್ ಎಂಬ ವೈದ್ಯ ಇದನ್ನು 1938ರಲ್ಲಿ ವಿವರಿಸಿದ. ಮೊದಲ ಹಂತದಲ್ಲಿ ಉಗುರಿನ ಬುಡ ಒತ್ತಿದರೆ ಮೆತ್ತಗೆ ತೇಲಿದಂತಾಗುತ್ತದೆ. ಎರಡನೆಯದರಲ್ಲಿ ಕೋನ ಹೋಗುತ್ತದೆ. ಮೂರನೆಯದರಲ್ಲಿ ಉಗುರು ಗಿಳಿಮೂಗಾಗಿ, ಬೆರಳ ತುದಿ ದುಂಡಗೆ ಊದುತ್ತದೆ. ನಾಲ್ಕನೆಯದರಲ್ಲಿ ಮಣಿಕಟ್ಟು, ಹರಡಿನ ಎಲುಬುಗಳೂ ನೋಯತೊಡಗುತ್ತವೆ. ಉಗುರಿಗೆ ಮಾತ್ರ ನೋವೇ ಇಲ್ಲ, ಆದ್ದರಿಂದ ರೋಗಿ ತಾನಾಗಿ ಇದನ್ನು ಹೇಳುವುದು ಕಡಿಮೆ. ಉಂಗುರ ತೆಗೆಯಲು ಬರುತ್ತಿಲ್ಲ ಎಂದಷ್ಟೇ ಹೇಳಿಯಾನು.

ಮನೆಯಲ್ಲೇ ಮಾಡಿ ನೋಡಬಹುದಾದ ಪರೀಕ್ಷೆಯೊಂದಿದೆ. ಎರಡೂ ಕೈಗಳ ಒಂದೇ ಬೆರಳುಗಳನ್ನು, ತೋರುಬೆರಳು ಇಲ್ಲವೇ ಉಂಗುರಬೆರಳನ್ನು, ಬಾಗಿಸಿ ಉಗುರಿಗೆ ಉಗುರು ಬೆನ್ನಾಗಿ ತಾಗಿಸಿ ಬೆಳಕಿಗೆ ಹಿಡಿಯಬೇಕು. ಆರೋಗ್ಯವಂತರಲ್ಲಿ ಬುಡದ ಹತ್ತಿರ ಚಿಕ್ಕ ವಜ್ರಾಕಾರದ ಕಿಂಡಿ ಕಾಣುತ್ತದೆ. ಕ್ಲಬ್ಬಿಂಗ್ ಇದ್ದರೆ ಆ ಕಿಂಡಿ ಮುಚ್ಚಿ, ಉಗುರ ತುದಿಗಳು ಒಂದರಿಂದೊಂದು ದೂರ ಸರಿಯುತ್ತವೆ. ಇದನ್ನು 1976ರಲ್ಲಿ ಬರೆದವನು ಜೊಹಾನ್ಸ್‌ಬರ್ಗ್‌ನ ಹೃದಯತಜ್ಞ ಲಿಯೊ ಶಾಮ್‌ರೋತ್. ಹೃದಯದ ಒಳಪದರಕ್ಕೆ ಸೋಂಕು ತಗಲಿ ಹಾಸಿಗೆ ಹಿಡಿದಿದ್ದಾಗ ಅವನು ತನ್ನ ಬೆರಳುಗಳಲ್ಲೇ ಇದನ್ನು ಕಂಡದ್ದು.

ಕಾರಣಗಳಲ್ಲಿ ಶ್ವಾಸಕೋಶದ್ದೇ ಸಿಂಹಪಾಲು. ಕ್ಯಾನ್ಸರ್, ಬಹುಕಾಲದ ಕ್ಷಯ, ಶ್ವಾಸನಾಳಗಳು ಹಿಗ್ಗಿ ಕಫ ನಿಲ್ಲುವ ಬ್ರಾಂಕಿಯೆಕ್ಟೇಸಿಸ್, ಶ್ವಾಸಕೋಶದ ಬಾವು, ಎದೆಗೂಡಿನ ಕೀವು, ಶ್ವಾಸಕೋಶ ನಾರುಗಟ್ಟುವ ಕಾಯಿಲೆ. ಹೃದಯದ ಕಡೆಯಿಂದ ಹುಟ್ಟಿನಿಂದಲೇ ನೀಲಿಗಟ್ಟಿಸುವ ದೋಷಗಳು, ಕವಾಟದ ಸೋಂಕು. ಹೊಟ್ಟೆಯ ಕಡೆಯಿಂದ ಯಕೃತ್ತಿನ ಸಿರೋಸಿಸ್, ಕರುಳಿನ ಬಹುಕಾಲದ ಉರಿಯೂತ. ಬೀಡಿ ಸೇದುವವರ ಮಾಮೂಲಿ ಕೆಮ್ಮು–ಉಬ್ಬಸ ಮಾತ್ರದಿಂದ ಕ್ಲಬ್ಬಿಂಗ್ ಬರುವುದಿಲ್ಲ ಎಂಬುದನ್ನು ಇಲ್ಲಿ ಒತ್ತಿ ಹೇಳಬೇಕು. ವರ್ಷಗಟ್ಟಲೆ ಉಬ್ಬಸವಿದ್ದವರ ಬೆರಳು ಹೊಸದಾಗಿ ಊದತೊಡಗಿದರೆ, ಅದು ಹಳೆಯ ಕಾಯಿಲೆಯ ಮುಂದುವರಿಕೆ ಎಂದುಕೊಳ್ಳದೆ ಎದೆಯ ಎಕ್ಸ್‌ರೇ, ಬೇಕಾದರೆ ಸಿ.ಟಿ. ಸ್ಕ್ಯಾನ್ ಮಾಡಿಸಬೇಕು.

ಊತಕ್ಕೆ ಕಾರಣವೇನೆಂಬುದಕ್ಕೆ 1987ರಲ್ಲಿ ಡಿಕಿನ್ಸನ್ ಮತ್ತು ಮಾರ್ಟಿನ್ ಮುಂದಿಟ್ಟ ವಿವರಣೆ ಹೆಚ್ಚು ಒಪ್ಪಿತವಾಗಿದೆ. ಮೂಳೆಮಜ್ಜೆಯಿಂದ ಹೊರಡುವ ದೊಡ್ಡ ಕೋಶಗಳು ಸಾಮಾನ್ಯವಾಗಿ ಶ್ವಾಸಕೋಶದ ಸೂಕ್ಷ್ಮ ರಕ್ತನಾಳಗಳಲ್ಲಿ ಒಡೆದು ಪ್ಲೇಟ್‌ಲೆಟ್‌ಗಳಾಗುತ್ತವೆ. ಶ್ವಾಸಕೋಶ ಕೆಟ್ಟಾಗ, ಇಲ್ಲವೇ ಹೃದಯದ ದೋಷದಿಂದ ರಕ್ತ ಶ್ವಾಸಕೋಶ ಹೊಗದೆ ದಾಟಿಹೋದಾಗ, ಅವು ಇಡಿಯಾಗಿಯೇ ಬೆರಳ ತುದಿಗೆ ಬಂದು ಸಿಕ್ಕಿಕೊಳ್ಳುತ್ತವೆ. ಅಲ್ಲಿ ಅವು ಬಿಡುವ ಬೆಳವಣಿಗೆಯ ಅಂಶಗಳು ಅಂಗಾಂಶವನ್ನೂ ರಕ್ತನಾಳಗಳನ್ನೂ ಹೆಚ್ಚಿಸುತ್ತವೆ.

ಮಕ್ಕಳಲ್ಲಿ ಈ ಗುರುತಿನ ಬೆಲೆ ಇನ್ನೂ ಹೆಚ್ಚು. ಫ್ಯಾಲೊ ಚತುಷ್ಟಯದಂಥ ಹೃದಯದ ಹುಟ್ಟುದೋಷವಿರುವ ಮಗುವಿಗೆ ಮೊದಲ ತಿಂಗಳುಗಳಲ್ಲಿ ಉಗುರು ಸರಿಯಾಗೇ ಇದ್ದು, ಆರು ತಿಂಗಳ ಆಚೆಗೆ ತುದಿ ದುಂಡಗಾಗುತ್ತ ಹೋಗುತ್ತದೆ. ತುಟಿ ನೀಲಿಯಾಗುವುದು, ಆಡುತ್ತಾ ಆಡುತ್ತಾ ಸುಸ್ತಾಗಿ ಕುಕ್ಕರಗಾಲಲ್ಲಿ ಕೂರುವುದು ಜೊತೆಗಿರುತ್ತವೆ. 2013ರಲ್ಲಿ ಆರಂಭವಾದ ರಾಷ್ಟ್ರೀಯ ಬಾಲ ಸ್ವಾಸ್ಥ್ಯ ಕಾರ್ಯಕ್ರಮದ ತಂಡಗಳು ಅಂಗನವಾಡಿಗೆ ಬಂದಾಗ ಮಕ್ಕಳ ಬೆರಳು ತೋರಿಸುವುದಕ್ಕೆ ಖರ್ಚೇನಿಲ್ಲ.

ಕಾರವಾರ ವೈದ್ಯಕೀಯ ವಿಜ್ಞಾನಗಳ ಸಂಸ್ಥೆ 2016ರಲ್ಲಿ ಶುರುವಾದ ಮೇಲೆ ಜಿಲ್ಲಾಕೇಂದ್ರದಲ್ಲಿ ತಜ್ಞರು ಸಿಗುವುದು ಸುಲಭವಾಯಿತು. ಆದರೂ ಹೃದಯ ಶಸ್ತ್ರಚಿಕಿತ್ಸೆ, ಕ್ಯಾನ್ಸರ್ ಚಿಕಿತ್ಸೆ ಎಂದರೆ ಈ ಕರಾವಳಿಯವರು ಹಿಂದಿನಿಂದಲೂ ಮಣಿಪಾಲ, ಹುಬ್ಬಳ್ಳಿ, ಗೋವಾದ ಬಾಂಬೋಳಿಯ ದಾರಿ ಹಿಡಿದವರು. 2022ರ ಜುಲೈನಲ್ಲಿ ಹೊನ್ನಾವರದಿಂದ ರೋಗಿಯನ್ನು ಒಯ್ಯುತ್ತಿದ್ದ ಆಂಬುಲೆನ್ಸ್ ಉಡುಪಿ ಜಿಲ್ಲೆಯ ಶಿರೂರು ಟೋಲ್‌ಗೇಟಿನಲ್ಲಿ ಪಲ್ಟಿಯಾಗಿ ನಾಲ್ವರು ಸತ್ತಾಗ ಜಿಲ್ಲೆಗೊಂದು ಸೂಪರ್ ಸ್ಪೆಷಾಲಿಟಿ ಆಸ್ಪತ್ರೆ ಬೇಕೆಂಬ ಕೂಗು ಜೋರಾಯಿತು. ದೊಡ್ಡ ಯಂತ್ರಗಳು ದೂರವಿರುವ ಸೀಮೆಯಲ್ಲಿ, ಹಳ್ಳಿಯ ಆರೋಗ್ಯ ಕಾರ್ಯಕರ್ತೆ ಕೈ ಹಿಡಿದು ನೋಡಿ ‘ಇವರನ್ನು ಬೇಗ ಕಳಿಸಬೇಕು’ ಎಂದು ಗುರುತಿಸುವ ಲಕ್ಷಣಕ್ಕೆ ನಗರದಲ್ಲಿರುವುದಕ್ಕಿಂತ ಹೆಚ್ಚು ತೂಕವಿದೆ.

ಎರಡು ಎಚ್ಚರಿಕೆ. ಕೆಲವು ಮನೆತನಗಳಲ್ಲಿ ದುಂಡುಬೆರಳು ವಂಶದಿಂದ ಬಂದದ್ದು, ಅಪ್ಪ–ಅಜ್ಜನ ಬೆರಳು ನೋಡಿದರೆ ತಿಳಿಯುತ್ತದೆ, ತೊಂದರೆ ಇಲ್ಲ. ಒಂದೇ ಕೈಯಲ್ಲಿ ಮಾತ್ರ ಕ್ಲಬ್ಬಿಂಗ್ ಇದ್ದರೆ ಆ ತೋಳಿನ ರಕ್ತನಾಳದಲ್ಲಿ ದೋಷವಿರಬಹುದು. ಡಯಾಲಿಸಿಸ್‌ಗಾಗಿ ನಾಳ ಜೋಡಿಸಿದ ಕೈಯಲ್ಲೂ ಪಾರ್ಶ್ವವಾಯುವಿನ ಕೈಯಲ್ಲೂ ಇದು ವರದಿಯಾಗಿದೆ. ಪಾರ್ಶ್ವವಾಯುವಿನ ನಾಟಿ ಔಷಧಿಗೆ ಹೆಸರಾದ ಅಂಕೋಲೆಯ ಬೆಳಂಬಾರಕ್ಕೆ ರೋಗಿಗಳು ದೂರದೂರದಿಂದ ಬರುತ್ತಾರೆ. ಎರಡು ಕೈಗಳ ಉಗುರನ್ನು ಪಕ್ಕಪಕ್ಕದಲ್ಲಿಟ್ಟು ಹೋಲಿಸಲು ಅಂಥ ಕಡೆಗಿಂತ ಒಳ್ಳೆಯ ಜಾಗ ಸಿಗದು.

ಅಡ್ಡ ತಗ್ಗು

ಕಡುಜ್ವರ, ದೊಡ್ಡ ಆಪರೇಷನ್, ತೀವ್ರ ಅಪೌಷ್ಟಿಕತೆ ಬಂದಾಗ ಉಗುರಿನ ಮೂಲ ಕೆಲವು ದಿನ ಕೆಲಸ ನಿಲ್ಲಿಸುತ್ತದೆ. ಆ ವಿರಾಮ ಆಮೇಲೆ ಎಲ್ಲ ಬೆರಳುಗಳಲ್ಲೂ ಒಂದೇ ಮಟ್ಟದಲ್ಲಿ ಅಡ್ಡ ತಗ್ಗಾಗಿ ಕಾಣುತ್ತದೆ. ಫ್ರಾನ್ಸಿನ ಜೋಸೆಫ್ ಬೋ 1846ರಲ್ಲಿ ಇದನ್ನು ವಿವರಿಸಿದ್ದರಿಂದ ಬೋ ಗೆರೆ ಎಂಬ ಹೆಸರು. ತಗ್ಗು ಬುಡದಿಂದ ಎಷ್ಟು ದೂರವಿದೆ ಎಂದು ಅಳೆದರೆ ಕಾಯಿಲೆಯ ತಿಂಗಳು ಹೇಳಬಹುದು. ಜುಲೈ ಮಳೆಯಲ್ಲಿ ಡೆಂಗಿಯೋ ಇಲಿಜ್ವರವೋ ಬಂದು ಆಸ್ಪತ್ರೆ ಸೇರಿದವನ ಉಗುರಿನಲ್ಲಿ ದೀಪಾವಳಿಯ ಹೊತ್ತಿಗೆ ಆ ತಗ್ಗು ನಡು ದಾಟಿರುತ್ತದೆ. ಕಿಮೊಥೆರಪಿ ಪಡೆದವರಲ್ಲಿ ಪ್ರತಿ ಸುತ್ತಿಗೊಂದರಂತೆ ಸಾಲು ತಗ್ಗುಗಳು ಮೂಡುವುದುಂಟು. ಕೋವಿಡ್ ಬಂದವರಲ್ಲೂ ಇವು ಕಂಡವು. ಕೈ–ಕಾಲು–ಬಾಯಿ ರೋಗ ವಾಸಿಯಾಗಿ ಒಂದೆರಡು ತಿಂಗಳಾದ ಮೇಲೆ ಮಕ್ಕಳ ಉಗುರು ಬುಡದಿಂದಲೇ ಕಳಚಿ ಬೀಳುವುದೂ ಇದೇ ಪ್ರಕ್ರಿಯೆಯ ಉಗ್ರರೂಪ. ತಾಯಂದಿರು ಗಾಬರಿಯಾಗುತ್ತಾರೆ, ಅಡಿಯಲ್ಲಿ ಹೊಸ ಉಗುರು ಆಗಲೇ ಬರುತ್ತಿರುತ್ತದೆ. ಒಂದೇ ಬೆರಳಲ್ಲಿ ತಗ್ಗಿದ್ದರೆ ಅದು ಬಾಗಿಲಿಗೋ ಸುತ್ತಿಗೆಗೋ ಸಿಕ್ಕಿದ ಬೆರಳು, ಅಷ್ಟೇ.

ಮೀನು ಮುಟ್ಟುವ ಕೈ

ಕಾರವಾರದ ಮೀನುಪೇಟೆಯಲ್ಲಿ ಬಂಗುಡೆ, ತಾರ್ಲೆ ಮಾರುವ, ಶೆಟ್ಲಿ (ಸೀಗಡಿ) ಸುಲಿಯುವ ಹೆಂಗಸರ ಕೈ ಗಂಟೆಗಟ್ಟಲೆ ಮಂಜುಗಡ್ಡೆಯ ನೀರಿನಲ್ಲಿರುತ್ತದೆ. ಇಂಥ ಕೆಲಸ ಉಗುರನ್ನು ಕೆಡಿಸುವ ಕ್ರಮ ಹೀಗೆ. ಮೊದಲು ಬುಡದ ಹೊರಪೊರೆ ಕರಗಿ ಮಾಯವಾಗುತ್ತದೆ. ಮಡಿಕೆಗೂ ಫಲಕಕ್ಕೂ ನಡುವೆ ಸಂದು ಬಿದ್ದು ನೀರು, ಮೀನಿನ ಲೋಳೆ, ಸಾಬೂನು ಒಳಸೇರುತ್ತವೆ. ಮಡಿಕೆ ಕೆಂಪಾಗಿ, ದಪ್ಪಗಾಗಿ ದುಂಡಗೆ ಊದುತ್ತದೆ, ಒತ್ತಿದರೆ ಒಂದು ಹನಿ ಕೀವು ಬರಬಹುದು. ತಿಂಗಳುಗಳಾದಂತೆ ಮೂಲಕ್ಕೂ ಏಟು ತಗಲಿ ಉಗುರಿನ ಒಂದು ಪಕ್ಕ ಏರಿಳಿತದ ಅಡ್ಡಗೆರೆಗಳಿಂದ ಒರಟಾಗುತ್ತದೆ. ಸ್ಯೂಡೋಮೊನಾಸ್ ಬ್ಯಾಕ್ಟೀರಿಯ ಸೇರಿಕೊಂಡರೆ ಅಂಚು ಹಸಿರುಗಪ್ಪು. ತೋರುಬೆರಳು, ನಡುಬೆರಳು, ಹೆಬ್ಬೆರಳು, ಅಂದರೆ ಮೀನು ಹಿಡಿಯುವ ಬೆರಳುಗಳೇ ಹೆಚ್ಚು ಕೆಡುತ್ತವೆ. ಕಿರುಬೆರಳು ಎಷ್ಟೋ ಸಲ ಚೊಕ್ಕವಾಗಿರುತ್ತದೆ. ಒಳಗಿನ ಕಾಯಿಲೆ ಹೀಗೆ ಬೆರಳು ಆರಿಸಿಕೊಳ್ಳುವುದು ಕಡಿಮೆ, ಅದು ಎರಡೂ ಕೈಗಳನ್ನು ಸಮನಾಗಿ ಹಿಡಿಯುತ್ತದೆ. ಕೆಲಸದ ಗುರುತನ್ನೂ ಕಾಯಿಲೆಯ ಗುರುತನ್ನೂ ಬೇರ್ಪಡಿಸಲು ಇದಕ್ಕಿಂತ ಸರಳ ದಾರಿಯಿಲ್ಲ.

ಮಡಿಕೆಯ ಈ ಊತವನ್ನು ಮೊದಲು ಶಿಲೀಂಧ್ರದ ಸೋಂಕೆಂದು ತಿಳಿದು ಅದಕ್ಕೇ ಮದ್ದು ಕೊಡುತ್ತಿದ್ದರು. ಈಗ ಚರ್ಮತಜ್ಞರು ಇದನ್ನು ಮುಖ್ಯವಾಗಿ ನೀರು ಮತ್ತು ಕೆರಳಿಸುವ ವಸ್ತುಗಳಿಂದ ಆದ ಇಸಬು ಎಂದು ನೋಡುತ್ತಾರೆ. ಕ್ಯಾಂಡಿಡಾ ಶಿಲೀಂಧ್ರ ಆಮೇಲೆ ಬಂದು ಸೇರುವ ಅತಿಥಿ. ಆದ್ದರಿಂದ ಹಚ್ಚುವ ಸ್ಟೀರಾಯ್ಡ್ ಮುಲಾಮು ಮತ್ತು ಕೈ ಒಣಗಿಸಿಡುವುದೇ ಚಿಕಿತ್ಸೆ. ರಬ್ಬರ್ ಕೈಗವಸಿನ ಒಳಗೆ ಹತ್ತಿಯ ಗವಸು ಹಾಕಿಕೊಳ್ಳಿ ಎಂದು ಪುಸ್ತಕಗಳು ಹೇಳುತ್ತವೆ. ಗವಸು ಹಾಕಿದ ಕೈಯಲ್ಲಿ ಶೆಟ್ಲಿಯ ಸಿಪ್ಪೆ ಬಿಡಿಸಿ ನೋಡಿದವರು ಆ ಪುಸ್ತಕ ಬರೆದಿರಲಾರರು. ಸಂಜೆ ಕೈ ಒರೆಸಿಕೊಂಡು ಬುಡಕ್ಕೆ ಕೊಬ್ಬರಿ ಎಣ್ಣೆ ತಿಕ್ಕುವ ರೂಢಿ ಪೂರ್ತಿ ಪರಿಹಾರವಲ್ಲದಿದ್ದರೂ ಬಿಡಬಾರದಂಥದ್ದು.

ಕರ್ನಾಟಕದ ಕರಾವಳಿಯಲ್ಲಿ ಜೂನ್ 1ರಿಂದ ಜುಲೈ 31ರವರೆಗೆ 61 ದಿನ ಯಾಂತ್ರೀಕೃತ ಮೀನುಗಾರಿಕೆಗೆ ನಿಷೇಧವಿದೆ. ಅಷ್ಟರಲ್ಲಿ ಉಗುರು ಸುಮಾರು 6 ಮಿ.ಮೀ. ಬೆಳೆದಿರುತ್ತದೆ. ಬಲೆ, ಹಗ್ಗ, ಮಂಜುಗಡ್ಡೆಯಿಂದ ಕೆಟ್ಟ ಉಗುರಾದರೆ ಆಗಸ್ಟ್ ಆರಂಭಕ್ಕೆ ಬುಡದ ಅಷ್ಟು ಭಾಗ ನುಣುಪಾಗಿ ಬರಬೇಕು. ಬರದಿದ್ದರೆ ಬೇರೆ ಕಾರಣ ಹುಡುಕಬೇಕು. ಬೋಟಿನ ಗಂಡಸರಿಗೆ ಈ ಲೆಕ್ಕ ಹೊಂದುತ್ತದೆ. ಹೆಂಗಸರ ವಿಷಯ ಹಾಗಲ್ಲ. ಆ ಎರಡು ತಿಂಗಳೇ ನಟ್ಟಿಯ ಕಾಲ, ಮೀನಿನ ನೀರು ಬಿಟ್ಟ ಕೈ ಗದ್ದೆಯ ಕೆಸರು ಹೊಗುತ್ತದೆ, ಉಗುರಿಗೆ ರಜೆಯೇ ಇಲ್ಲ.

ಏಕಾಏಕಿ ನೋವು, ಬಡಿತ, ಕೀವಿನೊಂದಿಗೆ ಬರುವ ಉಗುರುಸುತ್ತು ಬೇರೆ. ಅದಕ್ಕೆ ಸ್ಟಾಫಿಲೊಕಾಕಸ್ ಬ್ಯಾಕ್ಟೀರಿಯ ಸಾಮಾನ್ಯ ಕಾರಣ. ನಿಂಬೆಹಣ್ಣಿಗೆ ತೂತು ಕೊರೆದು ಬೆರಳು ತೂರಿಸಿಕೊಂಡು ಮಲಗುವ ಮನೆಮದ್ದು ನಾಡಿನಾದ್ಯಂತ ಇದೆ, ಇಲ್ಲೂ ಇದೆ. ತಂಪೆನಿಸಬಹುದು, ಆದರೆ ಒಳಗೆ ಕೀವು ಕಟ್ಟಿದ್ದರೆ ನಿಂಬೆ ಅದನ್ನು ಹೊರತೆಗೆಯದು. ಎರಡು ದಿನದಲ್ಲಿ ತಗ್ಗದಿದ್ದರೆ ಕೊರೆದು ಕೀವು ಬಿಡಬೇಕು, ತಡವಾದರೆ ಮೂಲ ಕೆಟ್ಟು ಉಗುರು ಶಾಶ್ವತವಾಗಿ ಸೊಟ್ಟಗಾಗುತ್ತದೆ. ಸಕ್ಕರೆ ಕಾಯಿಲೆ ಇದ್ದವರು ಎರಡು ದಿನವೂ ಕಾಯಬಾರದು.

ಮೀನಿನ ಮುಳ್ಳು, ಸೀಗಡಿಯ ಕೊಂಬು ಚುಚ್ಚಿ ವಾರದೊಳಗೆ ಬೆರಳು ನೇರಳೆಗೆಂಪಾಗಿ, ಅಂಚು ಸ್ಪಷ್ಟವಾಗಿ, ಊತಕ್ಕಿಂತ ಹೆಚ್ಚಾಗಿ ಉರಿದರೆ ಅದು ಎರಿಸಿಪೆಲಾಯ್ಡ್. ಮೀನು ಮತ್ತು ಮಾಂಸದ ಕೆಲಸದವರಲ್ಲೇ ಹೆಚ್ಚು, ಪೆನಿಸಿಲಿನ್‌ಗೆ ಬಗ್ಗುತ್ತದೆ. ವಾರಗಟ್ಟಲೆ ನಿಧಾನವಾಗಿ ಗಂಟುಕಟ್ಟಿ ಕೈಯೇರುತ್ತ ಹೋದರೆ ಮೈಕೋಬ್ಯಾಕ್ಟೀರಿಯಂ ಮರೀನಮ್ ಎಂಬ ಕ್ಷಯಕುಲದ ನೀರಿನ ಜೀವಾಣುವನ್ನು ನೆನೆಯಬೇಕು. ಡಾಕ್ಟರಿಗೆ ‘ಮೀನಿನ ಕೆಲಸ’ ಎಂದು ಹೇಳದಿದ್ದರೆ ಈ ಎರಡೂ ಪತ್ತೆಯಾಗುವುದು ಕಷ್ಟ.

ಮಳೆಗಾಲದ ತೇವದಲ್ಲಿ ಶಿಲೀಂಧ್ರಗಳೂ ಹಿಗ್ಗುತ್ತವೆ. ಜಗತ್ತಿನಲ್ಲಿ ಉಗುರಿನ ರೋಗಗಳ ಅರ್ಧಪಾಲು ಅವುಗಳದ್ದೇ. ಉಗುರು ಹಳದಿಯಾಗಿ, ದಪ್ಪಗಾಗಿ, ಅಡಿಯಲ್ಲಿ ಪುಡಿ ತುಂಬಿ ತುದಿಯಿಂದ ಮೇಲೇಳುತ್ತದೆ. ಸೋರಿಯಾಸಿಸ್ ಕೂಡ ಹೀಗೇ ಕಾಣುವುದರಿಂದ ಚೂರು ಕೆರೆದು ಸೂಕ್ಷ್ಮದರ್ಶಕದಲ್ಲಿ ನೋಡದೆ ತಿಂಗಳುಗಟ್ಟಲೆ ಮಾತ್ರೆ ನುಂಗಬಾರದು. ಸೋರಿಯಾಸಿಸ್ ಆದರೆ ಉಗುರಿನ ಮೇಲೆ ಸೂಜಿಯಿಂದ ಚುಚ್ಚಿದಂಥ ಚಿಕ್ಕ ಗುಳಿಗಳೂ ಅಡಿಯಲ್ಲಿ ಎಣ್ಣೆಹನಿಯ ಬಣ್ಣದ ಮಚ್ಚೆಗಳೂ ಇರುತ್ತವೆ.

ಕಾಲುಗುರನ್ನು ಓದುವುದಂತೂ ಇಲ್ಲಿ ಇನ್ನೂ ಕಷ್ಟ. ಅಂಕೋಲೆಯ ಹೊನ್ನಳ್ಳಿಯ ತುಳಸಿ ಗೌಡ 2021ರ ನವೆಂಬರಿನಲ್ಲಿ ರಾಷ್ಟ್ರಪತಿ ಭವನದಲ್ಲಿ ಪದ್ಮಶ್ರೀ ಸ್ವೀಕರಿಸಿದ್ದು ಬರಿಗಾಲಲ್ಲೇ. ಹಾಲಕ್ಕಿ ಹಿರಿಯರಿಗೆ ಬರಿಗಾಲು ಬದುಕಿನ ಕ್ರಮ. ಕಲ್ಲು, ಬೇರು ಎಡವಿದ ಕಾಲಿನ ಉಗುರು ದಪ್ಪಗಾಗುವುದು, ಸೊಟ್ಟಗಾಗುವುದು ನಡಿಗೆಯ ಗುರುತು. ಅಲ್ಲಿ ಹೃದಯರೋಗ ಹುಡುಕಲು ಹೋಗಬಾರದು.

ಬಣ್ಣ, ಚುಕ್ಕೆ, ಗೆರೆ

ಆಕಾರದಷ್ಟು ನಂಬಿಕೆಗೆ ಅರ್ಹವಲ್ಲದಿದ್ದರೂ ಬಣ್ಣವೂ ಕೆಲವು ಸುಳಿವು ಕೊಡುತ್ತದೆ. ಬೆಳ್ಳಕ್ಕಿ ಸಾಲು ಹಾರುವಾಗ ಗದ್ದೆಬದಿಯ ಮಕ್ಕಳು ಉಗುರು ತಿಕ್ಕುತ್ತ ಕೊಕ್ಕರೆಯ ಹತ್ತಿರ ಹೂ ಬೇಡುತ್ತಾರೆ, ಉಗುರಿನ ಬಿಳಿಚುಕ್ಕೆಯೇ ಆ ಹೂ. ಸುಣ್ಣದ ಅಂಶ ಕಡಿಮೆ ಎಂದು ದೊಡ್ಡವರು ಟಾನಿಕ್ ತರುತ್ತಾರೆ. ಎರಡರಲ್ಲಿ ಕೊಕ್ಕರೆಯ ಕತೆಯೇ ವಾಸಿ, ಖರ್ಚಿಲ್ಲ. ಈ ಚುಕ್ಕೆಗಳು ಮೂಲಕ್ಕೆ ತಗಲಿದ ಸಣ್ಣಪುಟ್ಟ ಏಟಿನವು, ಬೆಳೆಯುತ್ತ ತುದಿ ಸೇರಿ ಹೋಗುತ್ತವೆ.

ಉಗುರಿನ ಬಹುಭಾಗ ಬೆಳ್ಳಗಾಗಿ ತುದಿಯಲ್ಲಿ ಮಾತ್ರ ಕಂದುಗೆಂಪು ಪಟ್ಟಿ ಉಳಿದರೆ ಅದು 1954ರಲ್ಲಿ ಟೆರ್ರಿ ವಿವರಿಸಿದ ಉಗುರು. ಅವನು ಕಂಡದ್ದು ಸಿರೋಸಿಸ್ ರೋಗಿಗಳಲ್ಲಿ. ಸಕ್ಕರೆ ಕಾಯಿಲೆ, ಹೃದಯ ವೈಫಲ್ಯ, ಬರೀ ಮುಪ್ಪಿನಲ್ಲೂ ಇದಿದೆ. ಯಕೃತ್ತು ಕೆಡಲು ಕುಡಿತ ದೊಡ್ಡ ಕಾರಣ. ಅಂಕೋಲೆಯ ಬಡಗೇರಿಯಲ್ಲಿ ಹಾಡುಗಾರ್ತಿ ಸುಕ್ರಿ ಬೊಮ್ಮಗೌಡ ಸಾರಾಯಿ ವಿರುದ್ಧ ಹೆಂಗಸರನ್ನು ಕಟ್ಟಿಕೊಂಡು ಹೋರಾಡಿದ್ದು ಕುಡಿತದ ಸಾವುಗಳನ್ನು ಕಣ್ಣಾರೆ ಕಂಡೇ. ಬುಡದ ಅರ್ಧ ಬಿಳಿ, ತುದಿಯ ಅರ್ಧ ಕಂದು ಇದ್ದರೆ ಮೂತ್ರಪಿಂಡ ನೋಡಬೇಕು. ಥೈರಾಯಿಡ್ ಹೆಚ್ಚಾದರೆ ಉಂಗುರಬೆರಳಿನ ಉಗುರು ಹಾಸು ಬಿಟ್ಟೇಳುತ್ತದೆ. ಬಿಳಿ ಅಡ್ಡಪಟ್ಟಿ ಆರ್ಸೆನಿಕ್ ವಿಷದ ಗುರುತಾಗಬಲ್ಲದು. ಯಾದಗಿರಿ ಜಿಲ್ಲೆಯ ಸುರಪುರ ತಾಲ್ಲೂಕಿನ ಕಿರದಳ್ಳಿ ತಾಂಡಾದ ಕುಡಿಯುವ ನೀರಿನಲ್ಲಿ ಆರ್ಸೆನಿಕ್ ಸಿಕ್ಕಾಗ ಕರ್ನಾಟಕಕ್ಕೆ ಈ ವಿಷಯ ಹತ್ತಿರವಾಯಿತು.

ಉದ್ದುದ್ದ ಕಂದುಗೆರೆಗಳು ನಮ್ಮ ಮೈಬಣ್ಣದವರಲ್ಲಿ ಹಲವು ಬೆರಳುಗಳಲ್ಲಿ ಸಹಜವಾಗೇ ಇರುತ್ತವೆ. ಒಂದೇ ಉಗುರಿನಲ್ಲಿ ಹೊಸದಾಗಿ ಮೂಡಿ, ಅಗಲವಾಗುತ್ತ, ಬುಡದ ಚರ್ಮಕ್ಕೂ ಕಪ್ಪು ಹರಡಿದರೆ ಮಾತ್ರ ಮೆಲನೋಮಾ ಕ್ಯಾನ್ಸರಿನ ಶಂಕೆಯಿಂದ ತುಣುಕು ತೆಗೆದು ಪರೀಕ್ಷಿಸಬೇಕು. ವಯಸ್ಸಾದವರ ಉದ್ದಗೆರೆಗಳಿಗೆ ಯಾವ ಪರೀಕ್ಷೆಯೂ ಬೇಡ.

ನೋಡುವ ಕ್ರಮ, ಸರಿಹೋಗುವ ಅವಧಿ

ಉಗುರು ನೋಡಬೇಕಾದದ್ದು ಹಗಲು ಬೆಳಕಿನಲ್ಲಿ, ಹತ್ತೂ ಬೆರಳುಗಳನ್ನು, ಮೇಲಿನಿಂದ ಮತ್ತು ಪಕ್ಕದಿಂದ. ನೇಲ್ ಪಾಲಿಶ್ ತೆಗೆದಿರಬೇಕು. ಮದರಂಗಿ, ಅರಿಶಿನ, ಗೇರುಬೀಜದ ಎಣ್ಣೆಯ ಕಲೆ ಬಣ್ಣವನ್ನು ಮರೆಸುತ್ತವೆ, ಆಕಾರವನ್ನು ಮರೆಸಲಾರವು. ಗಾಢ ನೀಲಿ, ಕಪ್ಪು ಪಾಲಿಶ್ ಬೆರಳಿಗೆ ಸಿಕ್ಕಿಸುವ ಆಕ್ಸಿಮೀಟರಿನ ಲೆಕ್ಕವನ್ನೂ ತಪ್ಪಿಸಬಹುದು. ಎಷ್ಟು ದಿನದಿಂದ ಹೀಗಿದೆ ಎಂದು ಕೇಳಿದರೆ ಹೆಚ್ಚಿನವರಿಗೆ ನೆನಪಿರುವುದಿಲ್ಲ. ಹಳೆಯ ಫೋಟೊದಲ್ಲಿ ಕೈ ಕಾಣುತ್ತಿದ್ದರೆ ಅದು ನೆನಪಿಗಿಂತ ಒಳ್ಳೆಯ ಸಾಕ್ಷಿ.

ಗುಳಿಬಿದ್ದ ಉಗುರಿಗೆ ಹಿಮೋಗ್ಲೋಬಿನ್, ಫೆರಿಟಿನ್ ಮತ್ತು ಮಲಪರೀಕ್ಷೆ, ಕ್ಲಬ್ಬಿಂಗ್‌ಗೆ ಎದೆಯ ಎಕ್ಸ್‌ರೇ, ಕಫಪರೀಕ್ಷೆ, ಹೃದಯದ ಎಕೊ, ಅಡ್ಡ ತಗ್ಗಿಗೆ ಕಳೆದ ತಿಂಗಳುಗಳ ಕಾಯಿಲೆಯ ವಿಚಾರಣೆ, ಇವು ಮೊದಲ ಹೆಜ್ಜೆಗಳು. ಕಬ್ಬಿಣದ ಮಾತ್ರೆ ಶುರುಮಾಡಿದ ಕೆಲವೇ ವಾರಗಳಲ್ಲಿ ರಕ್ತ ಏರುತ್ತದೆ. ಉಗುರು ಮಾತ್ರ ಬುಡದಿಂದ ಹೊಸದಾಗಿಯೇ ಬರಬೇಕಾದ್ದರಿಂದ ಆರು ತಿಂಗಳು ಕಾಯಬೇಕು. ಮಾತ್ರೆಯನ್ನೂ ಹಿಮೋಗ್ಲೋಬಿನ್ ಸರಿಯಾದ ಮೇಲೆ ಮೂರು ತಿಂಗಳು ಮುಂದುವರಿಸಬೇಕು, ಇಲ್ಲದಿದ್ದರೆ ದೇಹದ ದಾಸ್ತಾನು ತುಂಬುವುದಿಲ್ಲ. ಶಿಲೀಂಧ್ರಕ್ಕೆ ಟರ್ಬಿನಾಫಿನ್ ಕೈಯುಗುರಿಗೆ ಆರು ವಾರ, ಕಾಲುಗುರಿಗೆ ಹನ್ನೆರಡು ವಾರ. ಕೆಲಸ ಬದಲಾಗದಿದ್ದರೆ ಮರುಕಳಿಸುತ್ತದೆ. ಎದೆಯ ಕೀವು ತೆಗೆದ ಮೇಲೆ, ಹೃದಯದ ದೋಷ ಸರಿಪಡಿಸಿದ ಮೇಲೆ, ಶ್ವಾಸಕೋಶದ ಗಡ್ಡೆ ಕತ್ತರಿಸಿದ ಮೇಲೆ ಕ್ಲಬ್ಬಿಂಗ್ ನಿಧಾನವಾಗಿ ಇಳಿಯಬಲ್ಲದು. ಬಹುಕಾಲ ಉಳಿದು ಅಂಗಾಂಶ ಗಟ್ಟಿಯಾಗಿದ್ದರೆ ಕಾಯಿಲೆ ಹೋದರೂ ಬೆರಳಿನ ಆಕಾರ ಹಾಗೇ ಉಳಿಯುತ್ತದೆ.